ಕಣ್ಣಿಗೆ ಎಷ್ಟು ಹೊತ್ತು ಕೊಡಬೇಕು? ಪ್ರಾಯೋಗಿಕ ಕಿರುಚಿತ್ರದಲ್ಲಿ ನೋಟದ ಲೆಕ್ಕ

ಕನ್ನಡದಲ್ಲಿ ನೋಡುವುದಕ್ಕೆ ಹಲವು ಮಾತುಗಳಿವೆ. ಕಣ್ಣು ಹಾಯಿಸುತ್ತೇವೆ, ಕಣ್ಣಾಡಿಸುತ್ತೇವೆ, ಇಣುಕುತ್ತೇವೆ, ದಿಟ್ಟಿಸುತ್ತೇವೆ, ಎವೆಯಿಕ್ಕದೆ ನೋಡುತ್ತೇವೆ. ನೋಡುವ ವಸ್ತು ಅದೇ ಇದ್ದರೂ ಎಷ್ಟು ಹೊತ್ತು, ಎಷ್ಟು ದೊಡ್ಡ ಕಿಂಡಿಯಿಂದ, ಏನನ್ನು ಹುಡುಕುತ್ತಾ ನೋಡುತ್ತೇವೆ ಎಂಬುದರ ಮೇಲೆ ಮಾತು ಬದಲಾಗುತ್ತದೆ. ಪ್ರಾಯೋಗಿಕ ಕಿರುಚಿತ್ರ ಕೆಲಸ ಮಾಡುವ ಜಾಗವೂ ಇದೇ.

ಕಥಾಚಿತ್ರದಲ್ಲಿ ಒಂದು ಶಾಟ್, ಅಂದರೆ ಕತ್ತರಿಸದೆ ಓಡುವ ಒಂದು ತುಣುಕು, ಎಷ್ಟು ಉದ್ದ ಇರಬೇಕೆಂದು ಘಟನೆಯೇ ಹೇಳಿಬಿಡುತ್ತದೆ. ಲೋಟ ಎತ್ತಿದಳು, ಕುಡಿದಳು, ಇಟ್ಟಳು, ಕಟ್. ಪ್ರಾಯೋಗಿಕ ಚಿತ್ರಕ್ಕೆ ಈ ಆಸರೆ ಇಲ್ಲ. ಗೋಡೆಯ ಮೇಲೆ ಬಿಸಿಲು ಬಿದ್ದಿದೆ. ಅದನ್ನು ಅರ್ಧ ಸೆಕೆಂಡ್ ತೋರಿಸಬೇಕೋ ನಾಲ್ಕು ನಿಮಿಷ ತೋರಿಸಬೇಕೋ ಎಂದು ಬಿಸಿಲನ್ನು ಕೇಳಿದರೆ ಉತ್ತರ ಸಿಗದು. ನೋಡುಗರ ಕಣ್ಣನ್ನೇ ಕೇಳಬೇಕು. ಹೊಸಬರ ಪ್ರಾಯೋಗಿಕ ಚಿತ್ರಗಳು ಬಹುಪಾಲು ಸೋಲುವುದು ಇಲ್ಲಿಯೇ: ಬಿಂಬಗಳು ಚೆನ್ನಾಗಿರುತ್ತವೆ, ಅವುಗಳ ಅವಧಿಗೆ ಲೆಕ್ಕವಿರುವುದಿಲ್ಲ. ‘ಅರ್ಥವಾಗಲಿಲ್ಲ’ ಎಂದು ನೋಡುಗರು ಹೇಳುವಾಗ ಎಷ್ಟೋ ಸಲ ನಿಜವಾಗಿ ಆಗಿರುವುದು ಇಷ್ಟೇ: ಅವರಿಗೆ ಕಂಡಿಲ್ಲ.

ಹಾಗಾಗಿ ಮೊದಲು ಕಣ್ಣಿನ ಲೆಕ್ಕ.

ಕಣ್ಣು ಕ್ಯಾಮೆರಾದಂತೆ ನೋಡುವುದಿಲ್ಲ

ಕೈಯನ್ನು ಮುಂದೆ ಚಾಚಿ ಹೆಬ್ಬೆರಳಿನ ಉಗುರನ್ನು ನೋಡಿ. ಹೆಚ್ಚುಕಡಿಮೆ ಆ ಉಗುರಿನಷ್ಟು ಜಾಗ, ಅಂದರೆ ಸುಮಾರು 2 ಡಿಗ್ರಿ, ಮಾತ್ರ ನಮಗೆ ಒಂದು ಕ್ಷಣದಲ್ಲಿ ಪೂರ್ತಿ ಸ್ಪಷ್ಟವಾಗಿ ಕಾಣುತ್ತದೆ. ಉಳಿದದ್ದೆಲ್ಲ ಮಸುಕು. ಇಡೀ ಕೋಣೆ ಸ್ಪಷ್ಟವಾಗಿದೆ ಎಂದು ಅನ್ನಿಸುವುದಕ್ಕೆ ಕಾರಣ, ಕಣ್ಣು ಸೆಕೆಂಡಿಗೆ ಸುಮಾರು ಮೂರು ಬಾರಿ ಒಂದು ಕಡೆಯಿಂದ ಇನ್ನೊಂದು ಕಡೆಗೆ ಜಿಗಿಯುತ್ತಿರುತ್ತದೆ. ಒಂದು ಕಡೆ ನಿಲ್ಲುವುದು 200ರಿಂದ 300 ಮಿಲಿಸೆಕೆಂಡ್. ಜಿಗಿಯುವ ಹೊತ್ತಿನಲ್ಲಿ ಮಿದುಳು ನೋಟವನ್ನು ಅದುಮಿಟ್ಟಿರುತ್ತದೆ. ಕನ್ನಡಿಯ ಮುಂದೆ ನಿಂತು ನಿಮ್ಮ ಎಡಗಣ್ಣನ್ನೂ ಬಲಗಣ್ಣನ್ನೂ ಸರದಿಯಂತೆ ನೋಡಿ. ಕಣ್ಣು ಅಲುಗುವುದು ನಿಮಗೆ ಕಾಣುವುದೇ ಇಲ್ಲ, ಪಕ್ಕದಲ್ಲಿ ನಿಂತವರಿಗೆ ಕಾಣುತ್ತದೆ. ಅದನ್ನೇ ಫೋನಿನ ಸೆಲ್ಫಿ ಕ್ಯಾಮೆರಾದಲ್ಲಿ ಮಾಡಿದರೆ ನಿಮಗೂ ಕಾಣುತ್ತದೆ, ಏಕೆಂದರೆ ಪರದೆಯ ಮೇಲಿನ ಚಿತ್ರ ಒಂದಿಷ್ಟು ತಡವಾಗಿ ಬರುತ್ತದೆ.

ಕಣ್ಣು ಎಲ್ಲಿಗೆ ಜಿಗಿಯುತ್ತದೆ? ಬೆಳಕು, ಚಲನೆ, ಮುಖ ಇವು ಸೆಳೆಯುವುದು ನಿಜ. ಆದರೆ ಅಷ್ಟೇ ಅಲ್ಲ. ರಷ್ಯಾದ ವಿಜ್ಞಾನಿ ಆಲ್ಫ್ರೆಡ್ ಯಾರ್ಬಸ್ 1960ರ ದಶಕದಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲಿ ಒಂದೇ ವರ್ಣಚಿತ್ರವನ್ನು ಒಬ್ಬರ ಮುಂದೆಯೇ ಮತ್ತೆ ಮತ್ತೆ ಇಟ್ಟು, ಪ್ರತಿ ಸಲ ಬೇರೆ ಪ್ರಶ್ನೆ ಕೇಳಿದರು: ಇವರ ವಯಸ್ಸೆಷ್ಟಿರಬಹುದು? ಮನೆಯ ಸ್ಥಿತಿ ಹೇಗಿದೆ? ಪ್ರಶ್ನೆ ಬದಲಾದಂತೆ ಕಣ್ಣು ಓಡಾಡಿದ ದಾರಿಯೂ ಬದಲಾಯಿತು. ಚಿತ್ರ ಮಾಡುವವರಿಗೆ ಇದಕ್ಕಿಂತ ಉಪಯುಕ್ತ ಪ್ರಯೋಗ ಇನ್ನೊಂದಿಲ್ಲ ಎನ್ನಬಹುದು. ಶೀರ್ಷಿಕೆ, ಹಿಂದಿನ ಶಾಟ್, ಚೌಕಟ್ಟಿನ ಹೊರಗಿನ ಒಂದು ಸದ್ದು, ಇವೆಲ್ಲ ನೋಡುಗರ ಕಣ್ಣಿಗೆ ಒಪ್ಪಿಸುವ ಪ್ರಶ್ನೆಗಳೇ.

ಈಗ ಇದನ್ನು ಫ್ರೇಮ್‌ಗೆ, ಅಂದರೆ ಚಲನಚಿತ್ರದ ಒಂದೊಂದು ಬಿಡಿ ಚಿತ್ರಕ್ಕೆ, ಇಳಿಸೋಣ. ಸೆಕೆಂಡಿಗೆ 24 ಫ್ರೇಮ್ ಇದ್ದರೆ ಒಂದು ಫ್ರೇಮ್ ಎಂದರೆ ಸುಮಾರು 42 ಮಿಲಿಸೆಕೆಂಡ್. 6 ಫ್ರೇಮ್ ಎಂದರೆ 250 ಮಿಲಿಸೆಕೆಂಡ್, ಕಣ್ಣು ಒಂದು ಕಡೆ ನಿಲ್ಲುವಷ್ಟು ಹೊತ್ತು. ಈ 6 ಎಂಬ ಸಂಖ್ಯೆಯನ್ನು ಎಡಿಟಿಂಗ್ ಮೇಜಿನ ಮುಂದೆ ಬರೆದು ಅಂಟಿಸಿಕೊಳ್ಳುವುದು ಒಳ್ಳೆಯದು. ಅದರ ಕೆಳಗೆ ಒಂದು ಬಗೆಯ ಸಿನಿಮಾ, ಮೇಲೆ ಇನ್ನೊಂದು ಬಗೆಯದು.

ಆರು ಫ್ರೇಮ್‌ಗಿಂತ ಕಡಿಮೆ

ಐದು ಫ್ರೇಮ್‌ಗಿಂತ ಚಿಕ್ಕದಾದ ಶಾಟ್‌ನಲ್ಲಿ ನೋಡುಗರಿಗೆ ಕಣ್ಣು ಸರಿಸಲು ಸಮಯವೇ ಇರುವುದಿಲ್ಲ. ಕಟ್ ಆದಾಗ ಕಣ್ಣು ಎಲ್ಲಿತ್ತೋ ಅಲ್ಲಿರುವುದು ಮಾತ್ರ ಸ್ಪಷ್ಟವಾಗಿ ಕಾಣುತ್ತದೆ. ಆದ್ದರಿಂದ ಇಂಥ ಶಾಟ್‌ಗಳನ್ನು ತೆಗೆಯುವಾಗಲೇ ಮುಖ್ಯವಾದದ್ದನ್ನೆಲ್ಲ ಚೌಕಟ್ಟಿನ ಒಂದೇ ಬಿಂದುವಿನ ಮೇಲೆ ತರಬೇಕು. ಕ್ಯಾಮೆರಾ ಪರದೆಯ ಮೇಲೆ ಗ್ರಿಡ್ ಗೆರೆಗಳನ್ನು ಹಾಕಿಕೊಂಡು ಗೆರೆಗಳು ಕೂಡುವ ಒಂದು ಬಿಂದು ಆರಿಸಿ, ಬೀಗದ ಕಿಂಡಿ, ಹೂವಿನ ನಡುಭಾಗ, ಕಣ್ಣಿನ ಪಾಪೆ, ಗಡಿಯಾರದ ಮುಳ್ಳು ಹೀಗೆ ಎಲ್ಲವನ್ನೂ ಅದೇ ಜಾಗದಲ್ಲಿ ಕೂರಿಸಿ. ತೆಗೆದಾಗ ತಪ್ಪಿದ್ದರೆ ಎಡಿಟಿಂಗ್‌ನಲ್ಲಿ ಬಿಂಬವನ್ನು ಸರಿಸಬಹುದು. ಅದಕ್ಕಾಗಿಯೇ ದೊಡ್ಡದಾದ 4ಕೆ ಅಳತೆಯಲ್ಲಿ ತೆಗೆದು ಅದಕ್ಕಿಂತ ಚಿಕ್ಕದಾದ 1080ರ ಟೈಮ್‌ಲೈನ್‌ನಲ್ಲಿ (ಎಡಿಟಿಂಗ್‌ನಲ್ಲಿ ಶಾಟ್‌ಗಳನ್ನು ಜೋಡಿಸುವ ಪಟ್ಟಿ) ಕೆಲಸ ಮಾಡಿದರೆ ಗುಣಮಟ್ಟ ಕೆಡದೆ ಸರಿಸಲು ಜಾಗ ಸಿಗುತ್ತದೆ. ಮಾನಿಟರ್ ಮೇಲೆ ಆ ಬಿಂದುವಿಗೆ ಒಂದು ಸಣ್ಣ ಚುಕ್ಕಿ ಅಂಟಿಸಿಕೊಳ್ಳಿ. ಬಿಂದು ಒಂದೇ ಆಗಿದ್ದರೆ ಬಿಂಬಗಳು ಒಂದರೊಳಗಿಂದ ಇನ್ನೊಂದು ಹುಟ್ಟಿದಂತೆ ಕಾಣುತ್ತವೆ. ಬಿಂದು ಅಲ್ಲಲ್ಲಿ ಚದುರಿದ್ದರೆ ಬರೀ ಗಲಿಬಿಲಿ.

ಮೂರು ಫ್ರೇಮ್‌ನಲ್ಲಿ ಏನು ದಾಟುತ್ತದೆ, ಏನು ದಾಟುವುದಿಲ್ಲ? ದೊಡ್ಡ ಆಕಾರ, ಬಣ್ಣ, ಮುಖ, ‘ಇದು ಬಯಲು, ಇದು ಕೋಣೆ’ ಎಂಬಷ್ಟು ಒಟ್ಟು ನೋಟ ದಾಟುತ್ತದೆ. ಬರಹ, ಕೈಯಲ್ಲಿರುವ ಸಣ್ಣ ವಸ್ತು, ಹಿನ್ನೆಲೆಯ ಮುಖಭಾವ ದಾಟುವುದಿಲ್ಲ. ಇನ್ನೊಂದು ತೊಡಕು ಹೆಚ್ಚಿನವರಿಗೆ ತಿಳಿಯದು. ವೇಗದ ಸರಣಿಯಲ್ಲಿ ಒಂದು ಬಿಂಬ ಗಮನ ಹಿಡಿದರೆ, ಅದಾದ 200ರಿಂದ 500 ಮಿಲಿಸೆಕೆಂಡ್‌ಗಳ ನಡುವೆ ಬರುವ ಇನ್ನೊಂದು ಮುಖ್ಯ ಬಿಂಬ ತಪ್ಪಿಹೋಗುವ ಸಾಧ್ಯತೆ ಹೆಚ್ಚು. ಕಣ್ಣು ಅಲ್ಲೇ ಇರುತ್ತದೆ, ಮನಸ್ಸು ಇನ್ನೂ ಹಿಂದಿನದರ ಮೇಲಿರುತ್ತದೆ. 24ರ ಲೆಕ್ಕದಲ್ಲಿ ಇದು 5ರಿಂದ 12 ಫ್ರೇಮ್. ಹಾಗಾಗಿ ಎರಡು ಮುಖ್ಯ ಬಿಂಬಗಳನ್ನು ಒಂದಕ್ಕೊಂದು ಅಂಟಿಸಿಯೇ ಇಡಿ, ಇಲ್ಲವೇ ನಡುವೆ ಕನಿಷ್ಠ 14 ಫ್ರೇಮ್ ಬಿಡಿ. ‘ಆ ಮುಖವನ್ನು ಹಾಕಿದ್ದೇನೆ, ಆದರೂ ಯಾರೂ ನೋಡಲಿಲ್ಲ’ ಎಂಬ ದೂರಿಗೆ ಪರಿಹಾರ ಎಷ್ಟೋ ಸಲ ಆ ಮುಖವನ್ನು ಹತ್ತು ಫ್ರೇಮ್ ಮುಂದೆ ಸರಿಸುವುದರಲ್ಲೇ ಇರುತ್ತದೆ.

ಬದಲಾವಣೆ ಕಾಣದಂತೆ ಮಾಡುವುದಕ್ಕೂ ಇಷ್ಟೇ ಸಣ್ಣ ಲೆಕ್ಕ ಸಾಕು. ಒಂದು ದೃಶ್ಯದ ಎರಡು ಚಿತ್ರ ತೆಗೆಯಿರಿ. ಎರಡನೆಯದರಲ್ಲಿ ಒಂದು ದೊಡ್ಡ ವಸ್ತುವನ್ನು, ಉದಾಹರಣೆಗೆ ಕುರ್ಚಿಯ ಮೇಲಿನ ಬಟ್ಟೆಯನ್ನು, ತೆಗೆದುಬಿಡಿ. 6 ಫ್ರೇಮ್ ಮೊದಲನೆಯದು, 2 ಫ್ರೇಮ್ ಬೂದುಬಣ್ಣ, 6 ಫ್ರೇಮ್ ಎರಡನೆಯದು, 2 ಫ್ರೇಮ್ ಬೂದು, ಹೀಗೆ ಸುತ್ತಿಸಿ. ಬದಲಾವಣೆ ಕಣ್ಣೆದುರೇ ಆಗುತ್ತಿದ್ದರೂ ಅನೇಕರು ಬಹಳ ಹೊತ್ತು ಕಂಡುಹಿಡಿಯಲಾರರು. ನಡುವಿನ ಆ 2 ಫ್ರೇಮ್ ತೆಗೆದುಬಿಟ್ಟರೆ ತಕ್ಷಣ ಕಾಣುತ್ತದೆ, ಏಕೆಂದರೆ ಆಗ ಬದಲಾದ ಜಾಗದಲ್ಲಿ ಮಾತ್ರ ಒಂದು ಮಿಡಿತ ಉಂಟಾಗುತ್ತದೆ. ಗಮನಶಾಸ್ತ್ರದ ಪ್ರಯೋಗಾಲಯಗಳಲ್ಲಿ 1990ರ ದಶಕದಿಂದ ಬಳಕೆಯಲ್ಲಿರುವ ವಿಧಾನ ಇದು. ಎರಡು ನಿಮಿಷದ ಇಡೀ ಕಿರುಚಿತ್ರವನ್ನು ಇದೊಂದರ ಮೇಲೆ ಕಟ್ಟಬಹುದು, ಕಟ್ಟಬೇಕು ಕೂಡ. ನೋಡುತ್ತಿದ್ದೇವೆ ಎಂಬ ನಮ್ಮ ನಂಬಿಕೆಯನ್ನು ಇಷ್ಟು ನೇರವಾಗಿ ಅಲುಗಿಸುವ ಉಪಾಯ ಸಿನಿಮಾದಲ್ಲಿ ಕಡಿಮೆ.

ಒಂದೊಂದೇ ಫ್ರೇಮಿನ ಕೆಲಸಕ್ಕೆ ಹಳೆಯ ಪರಂಪರೆಯಿದೆ. ಆಸ್ಟ್ರಿಯಾದ ಪೀಟರ್ ಕುಬೆಲ್ಕಾ 1960ರಲ್ಲಿ ಕಪ್ಪು ಫ್ರೇಮ್, ಬಿಳಿ ಫ್ರೇಮ್, ಸದ್ದು, ನಿಶ್ಶಬ್ದ ಈ ನಾಲ್ಕರಿಂದಲೇ ಒಂದು ಚಿತ್ರ ಮುಗಿಸಿದರು. ಅಮೆರಿಕದ ಸ್ಟ್ಯಾನ್ ಬ್ರಾಕೇಜ್ 1963ರಲ್ಲಿ ಪತಂಗದ ರೆಕ್ಕೆಗಳನ್ನೂ ಎಲೆಚೂರುಗಳನ್ನೂ ಪಾರದರ್ಶಕ ಟೇಪಿನ ನಡುವೆ ಒತ್ತಿ, ಕ್ಯಾಮೆರಾವನ್ನು ಮುಟ್ಟದೆಯೇ ಚಿತ್ರ ಮಾಡಿದರು. ಇವತ್ತು ಇದನ್ನು ಡಿಜಿಟಲ್‌ನಲ್ಲಿ ಮಾಡಹೊರಟವರಿಗೆ ಎರಡು ತಾಂತ್ರಿಕ ಅಡ್ಡಿಗಳಿವೆ.

ಮೊದಲನೆಯದು ಪರದೆ. ಬಹುತೇಕ ಲ್ಯಾಪ್‌ಟಾಪ್ ಪರದೆಗಳು ಸೆಕೆಂಡಿಗೆ 60 ಬಾರಿ ಚಿತ್ರ ಬದಲಿಸುತ್ತವೆ. 24 ಎಂಬುದು 60ರಲ್ಲಿ ಸರಿಯಾಗಿ ಭಾಗವಾಗುವುದಿಲ್ಲ. ಹಾಗಾಗಿ ಒಂದು ಫ್ರೇಮ್ 33 ಮಿಲಿಸೆಕೆಂಡ್, ಮುಂದಿನದು 50 ಮಿಲಿಸೆಕೆಂಡ್ ನಿಲ್ಲುತ್ತದೆ. ಸಾಮಾನ್ಯ ಚಿತ್ರದಲ್ಲಿ ಇದು ಗೊತ್ತಾಗುವುದಿಲ್ಲ. ಒಂದೊಂದು ಫ್ರೇಮಿನ ಲಯ ಕಟ್ಟಿದ ಚಿತ್ರ ಮಾತ್ರ ಕುಂಟುತ್ತದೆ. ಚಿತ್ರ ಇಂಟರ್ನೆಟ್‌ನಲ್ಲೇ ಇರುವುದಾದರೆ ಮೊದಲಿನಿಂದಲೇ 30ರ ಟೈಮ್‌ಲೈನ್ ಇಟ್ಟುಕೊಳ್ಳಿ, ಪ್ರತಿ ಫ್ರೇಮಿಗೂ ಸಮಪಾಲು ಸಿಗುತ್ತದೆ. ಎರಡನೆಯದು ಕಂಪ್ರೆಶನ್. ಹಿಂದಿನ ಫ್ರೇಮಿಗೂ ಈ ಫ್ರೇಮಿಗೂ ಇರುವ ವ್ಯತ್ಯಾಸವನ್ನಷ್ಟೇ ಉಳಿಸಿಕೊಂಡು ಫೈಲನ್ನು ಚಿಕ್ಕದು ಮಾಡುವುದು ಅದರ ಮೂಲ ಉಪಾಯ. ಪ್ರತಿ ಫ್ರೇಮೂ ಪೂರ್ತಿ ಬೇರೆಯಾದಾಗ ಆ ಉಪಾಯ ಮುರಿದುಬಿದ್ದು ಬಿಂಬ ಚೌಕಚೌಕವಾಗಿ ಒಡೆಯುತ್ತದೆ. ಮೂಲಪ್ರತಿಯನ್ನು ಪ್ರೋರೆಸ್‌ನಂತಹ, ಪ್ರತಿ ಫ್ರೇಮನ್ನೂ ಪ್ರತ್ಯೇಕವಾಗಿ ಉಳಿಸುವ ರೂಪದಲ್ಲಿ ತೆಗೆದಿಡಿ. ಅಪ್‌ಲೋಡ್ ಮಾಡುವಾಗ 1080ರ ಚಿತ್ರವನ್ನು 4ಕೆಗೆ ಹಿಗ್ಗಿಸಿ ಕೊಟ್ಟರೆ ಸಾಮಾನ್ಯವಾಗಿ ಹೆಚ್ಚು ಬಿಟ್‌ರೇಟ್ (ಪ್ರತಿ ಸೆಕೆಂಡಿನ ಚಿತ್ರಕ್ಕೆ ಮೀಸಲಾದ ಡೇಟಾ) ಸಿಗುತ್ತದೆ, ಒಡೆಯುವುದು ಕಡಿಮೆಯಾಗುತ್ತದೆ.

ಮಿನುಗುವ ಚಿತ್ರ ಮಾಡುವವರು ಇದನ್ನು ಕಡ್ಡಾಯವಾಗಿ ತಿಳಿದಿರಬೇಕು: ಬೆಳಕಿನ ಮಿನುಗು ಕೆಲವರಲ್ಲಿ ಅಪಸ್ಮಾರದ ಸೆಳೆತ ಬರಿಸುತ್ತದೆ. 1997ರ ಡಿಸೆಂಬರ್‌ನಲ್ಲಿ ಜಪಾನಿನ ಟಿವಿಯಲ್ಲಿ ಬಂದ ಒಂದು ಕಾರ್ಟೂನ್ ಕಂತಿನ ಕೆಂಪು–ನೀಲಿ ಮಿನುಗಿನಿಂದ 600ಕ್ಕೂ ಹೆಚ್ಚು ಮಂದಿ ಆಸ್ಪತ್ರೆ ಸೇರಿದರು. ಸೆಕೆಂಡಿಗೆ 3ಕ್ಕಿಂತ ಹೆಚ್ಚು ಮಿನುಗು, ಪರದೆಯ ಕಾಲುಭಾಗಕ್ಕಿಂತ ಹೆಚ್ಚು ಜಾಗ, ಗಾಢ ಕೆಂಪು, ಈ ಮೂರೂ ಅಪಾಯದ ಗುರುತು. ಸೆಕೆಂಡಿಗೆ 15ರಿಂದ 25 ಮಿನುಗು ಎಲ್ಲಕ್ಕಿಂತ ಅಪಾಯಕರ. 24ರ ಟೈಮ್‌ಲೈನ್‌ನಲ್ಲಿ ಕಪ್ಪು–ಬಿಳಿ ಫ್ರೇಮ್‌ಗಳನ್ನು ಒಂದುಬಿಟ್ಟೊಂದು ಜೋಡಿಸಿದರೆ ಸೆಕೆಂಡಿಗೆ 12 ಮಿನುಗು, 30ರಲ್ಲಿ 15. ಅಂದರೆ ಎರಡೂ ಸುರಕ್ಷಿತ ಮಿತಿಯ ಹೊರಗೇ ಇವೆ. ಚಿತ್ರದ ಮೊದಲ ಫ್ರೇಮಿಗಿಂತ ಮುಂಚೆ ಕನಿಷ್ಠ 8 ಸೆಕೆಂಡ್ ಎಚ್ಚರಿಕೆ ಬರಹ ಇಡಿ, ಪ್ರದರ್ಶನದ ಪ್ರಕಟಣೆಯಲ್ಲೂ ಹಾಕಿಸಿ, ಸಭಾಂಗಣದಲ್ಲಿ ಬಾಯಿಮಾತಿನಲ್ಲೂ ಹೇಳಿಸಿ. ಕಪ್ಪು–ಬಿಳಿಯ ಬದಲು ತಿಳಿಬೂದು–ನಡುಬೂದು ಬಳಸಿದರೆ ಪರಿಣಾಮ ಸ್ವಲ್ಪ ತಗ್ಗುತ್ತದೆ, ಅಪಾಯವೂ ತಗ್ಗುತ್ತದೆ.

ಒಂದರಿಂದ ಎಂಟು ಸೆಕೆಂಡಿನ ಶಾಟ್‌ಗಳ ಬಗ್ಗೆ ಹೆಚ್ಚು ಹೇಳುವುದಿಲ್ಲ. ಜಾಹೀರಾತು, ಕಥಾಚಿತ್ರ, ಸುದ್ದಿ ಎಲ್ಲವೂ ಬದುಕುವುದು ಆ ಅವಧಿಯಲ್ಲೇ. ‘ಇದೇನು?’ ಎಂದು ಕಣ್ಣು ಕೇಳುತ್ತದೆ, ಉತ್ತರ ಸಿಗುತ್ತದೆ, ಕಟ್ ಆಗುತ್ತದೆ. ನೋಟ ಅಲ್ಲಿ ಎಡವುವುದೇ ಇಲ್ಲ, ಆದ್ದರಿಂದ ತನ್ನನ್ನು ತಾನು ಗಮನಿಸಿಕೊಳ್ಳುವುದೂ ಇಲ್ಲ.

ದಿಟ್ಟಿಸುವುದು: ಒಂದು ನಿಮಿಷದಿಂದಾಚೆ

ಒಂದು ಸ್ಥಿರ ಶಾಟ್‌ನ್ನು ಮೂರು ನಿಮಿಷ ನೋಡುವಾಗ ಸಾಮಾನ್ಯವಾಗಿ ಹೀಗಾಗುತ್ತದೆ. ಮೊದಲು ಹೆಸರಿಸುತ್ತೇವೆ: ಕಿಟಕಿ, ಕಿಟಕಿಯ ಪರದೆ, ನೆರಳು. ಆಮೇಲೆ ಕಣ್ಣು ಮೂಲೆಮೂಲೆ ಸುತ್ತುತ್ತದೆ. ಸುತ್ತಿ ಮುಗಿದ ಮೇಲೆ ಬೇಸರ. ಬೇಸರ ಬಂದಾಗ ಗಮನ ಪರದೆಯಿಂದ ಜಾರಿ ಮನಸ್ಸಿನೊಳಗೆ ಹೋಗುತ್ತದೆ. ಶಾಟ್ ಇನ್ನೂ ಉಳಿದಿದ್ದರೆ ಗಮನ ಮರಳಿ ಬರುತ್ತದೆ, ಮತ್ತು ಮರಳಿ ಬಂದದ್ದು ಮೊದಲಿನ ನೋಟವಲ್ಲ. ಈಗ ಕಿಟಕಿಯ ಪರದೆಯ ಬಟ್ಟೆ ಉಸಿರಾಡುವಂತೆ ಕಾಣುತ್ತದೆ, ಧೂಳಿನ ಕಣ ಘಟನೆಯಾಗುತ್ತದೆ. ಬೇಸರದ ಹಂತದಲ್ಲೇ ಕಟ್ ಮಾಡುವುದು ದೀರ್ಘ ಶಾಟ್ ಮಾಡುವವರ ಅತಿ ಸಾಮಾನ್ಯ ತಪ್ಪು. ಬೇಸರದ ಬೆಲೆ ತೆತ್ತಾಗಿದೆ, ಅದು ಕೊಡುವ ಫಲವನ್ನು ಮಾತ್ರ ನೋಡುಗರ ಕೈಯಿಂದ ಕಿತ್ತುಕೊಂಡಂತೆ. ಇಂಥ ಶಾಟ್ ಒಂದೋ 8 ಸೆಕೆಂಡ್ ಇರಲಿ, ಇಲ್ಲವೇ ಎರಡೂವರೆ ನಿಮಿಷ ಇರಲಿ. 35 ಸೆಕೆಂಡ್ ಎಂಬುದು ಎರಡಕ್ಕೂ ಸಲ್ಲದ ಅಳತೆ.

ಎಲ್ಲಿ ಕಟ್ ಮಾಡಬೇಕೆಂದು ತಿಳಿಯಲು ಸ್ಟಾಪ್‌ವಾಚ್ ಬಳಸಿ. ಎಡಿಟ್ ಆಗದ ಪೂರ್ತಿ ಶಾಟ್‌ನ್ನು ನಿಲ್ಲಿಸದೆ ನೋಡಿ. ಗಮನ ಜಾರಿದ್ದು ಗೊತ್ತಾದ ಕ್ಷಣಕ್ಕೆ ಒಂದು ಗುರುತು, ಮರಳಿದ ಕ್ಷಣಕ್ಕೆ ಇನ್ನೊಂದು. ಇದನ್ನು ಮೂರು ಬೇರೆ ದಿನ ಮಾಡಿ, ಶಾಟ್ ಗೊತ್ತಿಲ್ಲದ ಇಬ್ಬರಿಂದಲೂ ಮಾಡಿಸಿ. ಕಟ್ ಇರಬೇಕಾದ್ದು ಎರಡನೆಯ ಗುರುತಿನ ಆಚೆ, ಮರಳಿದ ಗಮನಕ್ಕೆ 20–30 ಸೆಕೆಂಡ್ ಉಣ್ಣಿಸಿದ ಮೇಲೆ. ನಿಮ್ಮೊಬ್ಬರ ಗುರುತನ್ನೇ ನಂಬಬೇಡಿ. ಅದೇ ಶಾಟ್‌ನ್ನು ನೂರು ಸಲ ನೋಡಿದವರಿಗೆ ಎಲ್ಲವೂ ಉದ್ದವಾಗಿಯೇ ಕಾಣುತ್ತದೆ. ಬಿಂಬವನ್ನು ಎಡಬಲ ತಿರುಗಿಸಿ ಕನ್ನಡಿಯಂತೆ ಮಾಡಿ ನೋಡಿದರೆ ಹಳೆಯ ಕಣ್ಣಿಗೂ ಕೊಂಚ ಹೊಸತನ ಬರುತ್ತದೆ.

ಎಲ್ಲ ವಸ್ತುವೂ ಮೂರು ನಿಮಿಷ ತಾಳುವುದಿಲ್ಲ. ತಾಳುವ ಶಾಟ್‌ನಲ್ಲಿ ಸಾಮಾನ್ಯವಾಗಿ ಬೇರೆಬೇರೆ ವೇಗದ ಎರಡು ಚಲನೆಗಳಿರುತ್ತವೆ, ಒಂದಕ್ಕೊಂದು ಸಂಬಂಧವಿಲ್ಲದಂತೆ: ಗಾಳಿಗೆ ಆಡುವ ಬಟ್ಟೆ ಮತ್ತು ಸರಿಯುವ ಬಿಸಿಲು, ತೊಟ್ಟಿಕ್ಕುವ ನೀರು ಮತ್ತು ಆರುತ್ತಿರುವ ನೆಲ. ಬಿಸಿಲಿನ ಲೆಕ್ಕವನ್ನು ಮೊದಲೇ ಹಾಕಬಹುದು. ಸೂರ್ಯ ಆಕಾಶದಲ್ಲಿ ಗಂಟೆಗೆ 15 ಡಿಗ್ರಿ ಸರಿದಂತೆ ಕಾಣುತ್ತಾನೆ, ಅಂದರೆ ಮೂರು ನಿಮಿಷಕ್ಕೆ ಮುಕ್ಕಾಲು ಡಿಗ್ರಿ. ಕಿಟಕಿಯ ಅಂಚಿನಿಂದ ಬಿಸಿಲು ಬೀಳುವ ಜಾಗ 2 ಮೀಟರ್ ದೂರವಿದ್ದರೆ ಬಿಸಿಲಿನ ಗೆರೆ ಆ ಹೊತ್ತಿನಲ್ಲಿ ಎರಡೂವರೆ ಸೆಂಟಿಮೀಟರ್ ಆಸುಪಾಸು ಸರಿಯುತ್ತದೆ, ಓರೆಯಾಗಿ ಬಿದ್ದಿದ್ದರೆ ಇನ್ನೂ ಹೆಚ್ಚು. ನಿಮ್ಮ ಚೌಕಟ್ಟಿನ ಅಗಲ 3 ಮೀಟರ್ ಇದ್ದರೆ ಅದು ನೂರರಲ್ಲಿ ಒಂದು ಪಾಲೂ ಅಲ್ಲ, ಯಾರಿಗೂ ಕಾಣದು. ಚೌಕಟ್ಟನ್ನು 60 ಸೆಂಟಿಮೀಟರ್‌ಗೆ ಬಿಗಿಮಾಡಿ, ಬಿಸಿಲಿನ ಗೆರೆಯ ಪಕ್ಕ ನೆಲದ ಬಿರುಕೋ ಮೊಳೆಯೋ ಇರುವಂತೆ ನೋಡಿಕೊಳ್ಳಿ. ಗೆರೆ ಮೊಳೆಯನ್ನು ಮುಟ್ಟುವ ಕ್ಷಣ ತಾನಾಗಿಯೇ ನಾಟಕವಾಗುತ್ತದೆ.

ಇನ್ನು ಕ್ಯಾಮೆರಾ. ದೀರ್ಘ ಶಾಟ್‌ಗೆ ಮೊದಲ ಶತ್ರು ಕ್ಯಾಮೆರಾದ ‘ಆಟೊ’ಗಳು. ಮೋಡ ಹಾಯ್ದು ಕೋಣೆ ಮಬ್ಬಾಯಿತು ಎನ್ನಿ. ಶಾಟ್‌ನ ಜೀವವೇ ಅದು. ಆಟೊ ಎಕ್ಸ್‌ಪೋಶರ್ ಅದನ್ನು ತಪ್ಪೆಂದು ತಿಳಿದು ಬೆಳಕು ಏರಿಸಿ ಅಳಿಸಿಹಾಕುತ್ತದೆ. ಆಟೊ ಫೋಕಸ್ ಕಿಟಕಿಯ ಪರದೆ ಅಲುಗಿದಾಗಲೆಲ್ಲ ಹಿಂದೆಮುಂದೆ ತಡಕಾಡುತ್ತದೆ. ಆದ್ದರಿಂದ ಎಕ್ಸ್‌ಪೋಶರ್, ಫೋಕಸ್ ಎರಡನ್ನೂ ಲಾಕ್ ಮಾಡಿ. ವೈಟ್ ಬ್ಯಾಲೆನ್ಸ್ (ಬೆಳಕಿಗೆ ತಕ್ಕ ಬಣ್ಣದ ಹದ) ಹಗಲು ಬೆಳಕಿಗೆ 5600 ಕೆಲ್ವಿನ್‌ನಲ್ಲಿ ನಿಲ್ಲಿಸಿ. ಟ್ರೈಪಾಡ್ ಮೇಲಿದ್ದಾಗ ಸ್ಟೆಬಿಲೈಸೇಶನ್ (ಅಲುಗಾಟ ತಡೆಯುವ ವ್ಯವಸ್ಥೆ) ಆಫ್ ಇರಬೇಕು, ಇಲ್ಲದಿದ್ದರೆ ಚೌಕಟ್ಟು ನೀರಿನ ಮೇಲೆ ತೇಲಿದಂತೆ ನಿಧಾನ ಜಾರುತ್ತದೆ. ಫೋನಾದರೆ ಏರ್‌ಪ್ಲೇನ್ ಮೋಡ್ ಹಾಕಿ, ಎಚ್‌ಡಿಆರ್ (ಬೆಳಕು–ನೆರಳನ್ನು ತಾನೇ ಸರಿದೂಗಿಸುವ ಆಯ್ಕೆ) ಆಫ್ ಮಾಡಿ. ಫೋನುಗಳು ಬೆಳಕಿಗೆ ತಕ್ಕಂತೆ ಫ್ರೇಮ್ ದರವನ್ನೂ ತಾವೇ ಏರಿಳಿಸುತ್ತವೆ. ದರವನ್ನು ಕಟ್ಟಿಹಾಕುವ ಕ್ಯಾಮೆರಾ ಆಪ್ ಬಳಸಿ, ಅಥವಾ ಎಡಿಟ್‌ಗೆ ಮುಂಚೆ ಸ್ಥಿರ ದರಕ್ಕೆ ಪರಿವರ್ತಿಸಿ. ಇಲ್ಲವಾದರೆ ಮೂರನೇ ನಿಮಿಷದ ಹೊತ್ತಿಗೆ ಬೇರೆಯಾಗಿ ಹಿಡಿದ ಸದ್ದು ಬಿಂಬದಿಂದ ಕಳಚಿಕೊಂಡಿರುತ್ತದೆ.

ಶಟರ್ ವೇಗ (ಪ್ರತಿ ಫ್ರೇಮಿಗೆ ಬೆಳಕು ಬಿಡುವ ಹೊತ್ತು) ಫ್ರೇಮ್ ದರದ ಎರಡು ಪಟ್ಟು: 24ಕ್ಕೆ 1/48, 25ಕ್ಕೆ 1/50 ಸೆಕೆಂಡ್. ಕರೆಂಟು 50 ಹರ್ಟ್ಸ್ ಇರುವ ಕಡೆ ದೀಪಗಳು ಸೆಕೆಂಡಿಗೆ 100 ಬಾರಿ ಮಿಡಿಯುತ್ತವೆ, ಅಲ್ಲಿ 1/50 ಅಥವಾ 1/100. 60 ಹರ್ಟ್ಸ್ ಇರುವ ಕಡೆ 1/60 ಅಥವಾ 1/120. ತಪ್ಪಿದರೆ ಅಡ್ಡಪಟ್ಟಿಗಳು ಮೇಲಿಂದ ಕೆಳಗೆ ಹರಿಯುತ್ತವೆ, ಎಡಿಟಿಂಗ್‌ನಲ್ಲಿ ಅವನ್ನು ತೆಗೆಯುವುದು ಬಲು ಕಷ್ಟ. ಬಿರುಬಿಸಿಲಿನಲ್ಲಿ 1/50 ಇಟ್ಟರೆ ಬಿಂಬ ಬೆಳ್ಳಗೆ ಸುಟ್ಟುಹೋಗುತ್ತದೆ, ಅದಕ್ಕೆ ಬೆಳಕನ್ನು ತಗ್ಗಿಸುವ ಗಾಜು, ಎನ್‌ಡಿ ಫಿಲ್ಟರ್, ಬೇಕು. ಐಎಸ್‌ಒ (ಸೆನ್ಸರ್‌ನ ಬೆಳಕಿನ ಸೂಕ್ಷ್ಮತೆ) 100, ಎಫ್/4ರಲ್ಲಿ (ಲೆನ್ಸ್ ಕಿಂಡಿಯ ಅಳತೆ; ಸಂಖ್ಯೆ ಹೆಚ್ಚಾದಂತೆ ಕಿಂಡಿ ಚಿಕ್ಕದು) ತೆಗೆಯಲು ಐದು ಸ್ಟಾಪ್ (ಒಂದು ಸ್ಟಾಪ್ ಇಳಿಸಿದರೆ ಬೆಳಕು ಅರ್ಧವಾಗುತ್ತದೆ), ಅಂದರೆ ಎನ್‌ಡಿ32. ಎಫ್/1.8ರ ಫೋನ್ ಲೆನ್ಸ್‌ಗೆ, ಐಎಸ್‌ಒ 50 ಇದ್ದರೂ, ಎನ್‌ಡಿ64ರಷ್ಟು ಬೇಕಾಗುತ್ತದೆ.

ಮೂರು ನಿಮಿಷದ ಶಾಟ್ ಬೇಕೆಂದರೆ ಐದೂವರೆ ನಿಮಿಷ ತೆಗೆಯಿರಿ. ರೆಕಾರ್ಡ್ ಒತ್ತಿದ ಮೇಲೆ 30 ಸೆಕೆಂಡ್ ಅಲುಗಬೇಡಿ, ಮರದ ನೆಲವಾದರೆ ಆ ಕೋಣೆಯಲ್ಲಿ ಓಡಾಡಲೇಬೇಡಿ. ಖಾಲಿ ಗೋಡೆ, ಆಕಾಶ, ಮಂಜು ಇರುವ ಶಾಟ್‌ಗಳಲ್ಲಿ ಕಡಿಮೆ ಬಣ್ಣಛಾಯೆಗಳನ್ನು ಹಿಡಿಯುವ 8 ಬಿಟ್ ಫೈಲ್ ಬಣ್ಣದ ಏರಿಳಿತವನ್ನು ಮೆಟ್ಟಿಲುಮೆಟ್ಟಿಲಾಗಿ ಒಡೆಯುತ್ತದೆ. 10 ಬಿಟ್‌ನಲ್ಲಿ ತೆಗೆಯುವುದು ಮೊದಲ ಪರಿಹಾರ, ಕೊನೆಯಲ್ಲಿ ಸಣ್ಣ ಗ್ರೇನ್ (ಫಿಲ್ಮಿನಲ್ಲಿ ಕಾಣುವಂಥ ಕಣಕಣ) ಸೇರಿಸುವುದು ಎರಡನೆಯದು. ಗ್ರೇನ್‌ಗೆ ಇನ್ನೊಂದು ಉಪಯೋಗವೂ ಇದೆ. ಒಂದೇ ಬಿಂದುವನ್ನು ದಿಟ್ಟಿಸಿದರೆ ಅಂಚಿನ ಮಸುಕು ಆಕಾರಗಳು ನಿಧಾನವಾಗಿ ಮಾಯವಾಗುತ್ತವೆ. ಸ್ವಿಟ್ಜರ್ಲೆಂಡಿನ ವೈದ್ಯ ಇಗ್ನಾಝ್ ಟ್ರಾಕ್ಸ್‌ಲರ್ 1804ರಲ್ಲೇ ಇದನ್ನು ದಾಖಲಿಸಿದ್ದರು. ಅಲುಗುವ ಗ್ರೇನ್ ಆ ಮಾಯವಾಗುವಿಕೆಯನ್ನು ತಡೆಯುತ್ತದೆ. ಮಾಯವಾಗುವುದೇ ನಿಮಗೆ ಬೇಕಿದ್ದರೆ ಗ್ರೇನ್ ಹಾಕಬೇಡಿ, ನಡುವೆ ಒಂದು ಸ್ಪಷ್ಟ ಚುಕ್ಕಿ ಇಡಿ, ಅಂಚುಗಳನ್ನು ಮಸುಕಾಗಿಸಿ. ನೋಡುಗರ ಕಣ್ಣೇ ನಿಮ್ಮ ಪರವಾಗಿ ಫೇಡ್ ಔಟ್ ಮಾಡುತ್ತದೆ.

ವೇಗವನ್ನು ತುಸುವೇ ಇಳಿಸುವುದು ಇನ್ನೊಂದು ಹಳೆಯ ಯುಕ್ತಿ. ಅಮೆರಿಕದ ಕಲಾವಿದ ಆಂಡಿ ವಾರ್ಹಾಲ್ 1964ರಲ್ಲಿ ಒಂದು ಗಗನಚುಂಬಿ ಕಟ್ಟಡವನ್ನು ಸೆಕೆಂಡಿಗೆ 24 ಫ್ರೇಮಿನಲ್ಲಿ ತೆಗೆದು 16 ಫ್ರೇಮಿನಲ್ಲಿ ತೋರಿಸಿದರು, ಅದು ಎಂಟು ಗಂಟೆ ದಾಟಿತು. ಕಿರುಚಿತ್ರದಲ್ಲಿ 30ರಲ್ಲಿ ತೆಗೆದು 24ರಲ್ಲಿ ಓಡಿಸಿದರೆ ವೇಗ 80%ಕ್ಕೆ ಇಳಿಯುತ್ತದೆ. ನೀರು, ಹೊಗೆ, ಬಟ್ಟೆಗೆ ಒಂದು ತೂಕ ಬರುತ್ತದೆ, ಸ್ಲೋ ಮೋಶನ್ ಎಂದು ಯಾರೂ ಗುರುತಿಸುವುದಿಲ್ಲ. ನಡಿಗೆಯ ಮೇಲೆ ಇದನ್ನು ಮಾಡಬೇಡಿ. ನಡಿಗೆಯ ಲಯ ಎಲ್ಲರ ಮೈಗೂ ಗೊತ್ತು, ಕೂಡಲೇ ಸಿಕ್ಕಿಬೀಳುತ್ತೀರಿ.

ಕ್ಯಾಮೆರಾ ತಿರುಗಿದರೆ ಯಾರು ನೋಡಿದಂತೆ?

ಪ್ಯಾನ್ (ಇದ್ದಲ್ಲೇ ಕ್ಯಾಮೆರಾವನ್ನು ಎಡಬಲ ತಿರುಗಿಸುವುದು) ಎಂದರೆ ಕಣ್ಣು ಹಾಯಿಸುವುದು ಎಂದು ಹೇಳಿಕೊಡುತ್ತಾರೆ. ಅದು ಸರಿಯಲ್ಲ. ಖಾಲಿ ಗೋಡೆಯ ಮೇಲೆ ಕಣ್ಣನ್ನು ನಯವಾಗಿ ಜಾರಿಸಲು ಪ್ರಯತ್ನಿಸಿ; ಆಗುವುದಿಲ್ಲ, ಅದು ಜಿಗಿಜಿಗಿದೇ ಹೋಗುತ್ತದೆ. ಚಲಿಸುವ ವಸ್ತುವೊಂದನ್ನು ಹಿಂಬಾಲಿಸುವಾಗ ಮಾತ್ರ ಕಣ್ಣು ನಯವಾಗಿ ಸರಿಯಬಲ್ಲದು. ಹಾಗಾಗಿ ಖಾಲಿ ಜಾಗದ ನಿಧಾನ ಪ್ಯಾನ್ ಮನುಷ್ಯರ ನೋಟದಂತೆ ಅನ್ನಿಸುವುದಿಲ್ಲ, ಯಂತ್ರದ ನೋಟ ಅನ್ನಿಸುತ್ತದೆ. ಅದೇ ಬೇಕಿದ್ದರೆ ಬಳಸಿ. ಮನುಷ್ಯರ ನೋಟ ಬೇಕಿದ್ದರೆ ಎರಡು ದಾರಿ: ಹಾರುವ ಹಕ್ಕಿಯನ್ನೋ ಉರುಳುವ ಚೆಂಡನ್ನೋ ಹಿಂಬಾಲಿಸುತ್ತಾ ತಿರುಗಿ, ಅಥವಾ ಪ್ಯಾನ್ ಬಿಟ್ಟು ಅದೇ ಜಾಗದ ಬಿಗಿ ಶಾಟ್‌ಗಳನ್ನು 8–10 ಫ್ರೇಮ್‌ಗೊಂದರಂತೆ ಕಟ್ ಮಾಡಿ. 24 ಫ್ರೇಮ್‌ನಲ್ಲಿ ಪ್ಯಾನ್ ಮಾಡುವಾಗ ಒಂದು ವಸ್ತು ಚೌಕಟ್ಟಿನ ಈ ಅಂಚಿನಿಂದ ಆ ಅಂಚಿಗೆ ಹೋಗಲು ಕನಿಷ್ಠ 7 ಸೆಕೆಂಡ್ ತೆಗೆದುಕೊಳ್ಳಬೇಕು, ಇಲ್ಲದಿದ್ದರೆ ಬಿಂಬ ತಡವರಿಸುತ್ತದೆ.

ಇಣುಕು ನೋಟಕ್ಕೆ ಕಪ್ಪು ರಟ್ಟಿನಲ್ಲಿ ತೂತು ಕೊರೆದು ಲೆನ್ಸ್ ಮುಂದೆ ಹಿಡಿಯುವವರಿದ್ದಾರೆ. ರಟ್ಟು ಲೆನ್ಸ್‌ಗೆ ತೀರ ಹತ್ತಿರವಿದ್ದರೆ ತೂತಿನ ಅಂಚು ಕರಗಿ ಬರೀ ಮಬ್ಬು ವರ್ತುಲವಾಗುತ್ತದೆ. ಅಂಚು ಖಚಿತವಾಗಿ ಕಾಣಬೇಕಿದ್ದರೆ ರಟ್ಟನ್ನು ಅರ್ಧ ಮೀಟರಾದರೂ ಮುಂದಿಟ್ಟು, ಎಫ್/11ಕ್ಕೆ ಇಳಿಸಿ, ವೈಡ್ ಲೆನ್ಸ್ ಹಾಕಿ. ಇಣುಕುವಾಗ ಮುಖ್ಯವಾದದ್ದು ಕಾಣದ ಭಾಗ. ತೂತಿನಲ್ಲಿ ಚಲನೆಯ ಆರಂಭವೋ ಅಂತ್ಯವೋ ಒಂದೇ ಕಾಣುವಂತೆ ಇರಲಿ.

ಮಸುಕಿನಿಂದ ಸ್ಪಷ್ಟಕ್ಕೆ ಬರುವ ಶಾಟ್‌ನಲ್ಲಿ ಒಂದು ವಿಚಿತ್ರವಿದೆ. 1964ರಲ್ಲಿ ಮನೋವಿಜ್ಞಾನಿಗಳಾದ ಜೆರೋಮ್ ಬ್ರೂನರ್ ಮತ್ತು ಮೇರಿ ಪಾಟರ್ ತೋರಿಸಿಕೊಟ್ಟಂತೆ, ಹೆಚ್ಚು ಮಸುಕಿನಿಂದ ಶುರುಮಾಡಿ ನೋಡಿದವರು ಅದೇ ಮಟ್ಟದ ಸ್ಪಷ್ಟತೆಯಲ್ಲಿ ವಸ್ತುವನ್ನು ಗುರುತಿಸಲು ಕಡಿಮೆ ಮಸುಕಿನಿಂದ ಶುರುಮಾಡಿದವರಿಗಿಂತ ಹೆಚ್ಚು ಕಷ್ಟಪಟ್ಟರು. ಮೊದಲು ಕಟ್ಟಿಕೊಂಡ ತಪ್ಪು ಊಹೆ ಕಣ್ಣಿಗೆ ಅಡ್ಡ ನಿಲ್ಲುತ್ತದೆ. ಆದ್ದರಿಂದ ಊಹೆ ಉಳಿಯಬೇಕಿದ್ದರೆ ತೀರಾ ಮಸುಕಿನಿಂದ, 15 ಸೆಕೆಂಡಿಗೂ ಹೆಚ್ಚು ಹೊತ್ತು ಫೋಕಸ್ ತಿರುಗಿಸಿ. ಬೇಗ ಬಯಲಾಗಬೇಕಿದ್ದರೆ ಅರೆಮಸುಕಿನಿಂದ ಶುರುಮಾಡಿ.

ಕಿವಿ ಕಣ್ಣನ್ನು ತಿರುಗಿಸುತ್ತದೆ

ಒಂದು ಬಾಗಿಲಿನ ಒಂದು ನಿಮಿಷದ ಶಾಟ್ ತೆಗೆದುಕೊಳ್ಳಿ. ಮೊದಲು ಅದರ ಕೆಳಗೆ ದೂರದ ಮಕ್ಕಳ ಗದ್ದಲ ಇಡಿ, ಆಮೇಲೆ ಹತ್ತಿರದ ಉಸಿರು, ಕೊನೆಗೆ ಫ್ರಿಜ್‌ನ ಗುಂಯ್ ಸದ್ದು. ಉಸಿರಿದ್ದಾಗ ಕಣ್ಣು ಬಾಗಿಲ ಸಂದಿಗೆ ಹೋಗುತ್ತದೆ, ಗದ್ದಲವಿದ್ದಾಗ ಬಾಗಿಲ ಆಚೆಗೆ, ಗುಂಯ್ ಇದ್ದಾಗ ಬಾಗಿಲಿನ ಮೇಲ್ಮೈಗೆ. ಚಿತ್ರ ಬದಲಾಗಿಲ್ಲ, ಪ್ರಶ್ನೆ ಬದಲಾಗಿದೆ.

ಸದ್ದನ್ನು 48 ಕಿಲೋಹರ್ಟ್ಸ್‌ನಲ್ಲಿ, ಗರಿಷ್ಠ ಮಟ್ಟ ಮೈನಸ್ 12 ಡೆಸಿಬೆಲ್ ಆಸುಪಾಸು ಇರುವಂತೆ ಹಿಡಿಯಿರಿ. ಪ್ರತಿ ಜಾಗದಲ್ಲೂ ಯಾರೂ ಮಾತಾಡದ ಒಂದು ನಿಮಿಷದ ಖಾಲಿ ಕೋಣೆಯ ಸದ್ದು ಬೇಕೇಬೇಕು. ಕಟ್‌ಗಳ ನಡುವಿನ ಗುಂಡಿಗಳನ್ನು ತುಂಬುವುದು ಅದೇ. ಪೂರ್ತಿ ನಿಶ್ಶಬ್ದ ಬೇಕೆನ್ನುವವರೂ ಇದನ್ನೇ ತೀರ ಮೆಲ್ಲಗೆ ಇಡುವುದು ಲೇಸು. ಸೊನ್ನೆ ಸದ್ದು ಬಂದರೆ ಸ್ಪೀಕರ್ ಕೆಟ್ಟಿದೆ ಎಂದು ಜನ ತಿರುಗಿ ಪ್ರೊಜೆಕ್ಟರ್ ಕಡೆ ನೋಡುತ್ತಾರೆ, ನೋಟ ಅಲ್ಲಿಗೆ ಮುರಿಯಿತು. ಸದ್ದನ್ನು ಬೇಕೆಂದೇ ಬಿಂಬದಿಂದ ಸರಿಸುವುದಾದರೆ ಧೈರ್ಯವಾಗಿ ಸರಿಸಿ. ಸದ್ದು ಬಿಂಬಕ್ಕಿಂತ ಸುಮಾರು 45 ಮಿಲಿಸೆಕೆಂಡ್ ಮುಂದಾದರೆ, ಅಥವಾ 125 ಮಿಲಿಸೆಕೆಂಡ್ ಹಿಂದಾದರೆ ನೋಡುಗರಿಗೆ ಗೊತ್ತಾಗತೊಡಗುತ್ತದೆ. ಅದರ ಸುತ್ತಮುತ್ತ ನಿಂತರೆ ತಾಂತ್ರಿಕ ದೋಷದಂತೆ ಕಾಣುತ್ತದೆ. 12 ಫ್ರೇಮ್ ದಾಟಿದರೆ ಉದ್ದೇಶ ಎಂದು ಗೊತ್ತಾಗುತ್ತದೆ.

ಕಟ್ಟುವುದು, ತೋರಿಸುವುದು

ಮೊದಲ ಚಿತ್ರಕ್ಕೆ ಒಂದು ಮಿತಿ ಹಾಕಿಕೊಳ್ಳುವುದು ಒಳ್ಳೆಯದು. 16 ಎಂಎಂ ಫಿಲ್ಮಿನ 100 ಅಡಿ ಸುರುಳಿಯಲ್ಲಿ 4000 ಫ್ರೇಮ್ ಇರುತ್ತವೆ, 24ರಂತೆ 2 ನಿಮಿಷ 46 ಸೆಕೆಂಡ್. ಕೈಯಲ್ಲಿ ಫೋನೇ ಇದ್ದರೂ ಆ 4000 ಫ್ರೇಮ್ ಮಾತ್ರ ನಿಮ್ಮದೆಂದುಕೊಳ್ಳಿ. ಅದರಲ್ಲಿ ಒಂದು ದೀರ್ಘ ಶಾಟ್‌ಗೆ 2800 ಫ್ರೇಮ್ ಹೋದರೆ ಉಳಿದ 1200ರಲ್ಲಿ 4 ಫ್ರೇಮಿನ ಮುನ್ನೂರು ಬಿಂಬ ಹಿಡಿಯುತ್ತವೆ. ಯಾವುದು ಮೊದಲು? ವೇಗದ ಭಾಗ ಮೊದಲು ಬಂದರೆ ಆಮೇಲಿನ ಸ್ಥಿರ ಶಾಟ್‌ನಲ್ಲಿ ಕಣ್ಣು ಇನ್ನೂ ಬೇಟೆಯಾಡುತ್ತಿರುತ್ತದೆ, ಇಲ್ಲದ ಚಲನೆಯನ್ನೂ ಹುಡುಕುತ್ತದೆ. ಸ್ಥಿರ ಶಾಟ್ ಮೊದಲು ಬಂದರೆ ಆಮೇಲಿನ ವೇಗ ಬರೀ ಹೊಡೆತವಾಗುತ್ತದೆ. ಹತ್ತರಲ್ಲಿ ಎಂಟು ಸಲ ಮೊದಲನೆಯ ಕ್ರಮವೇ ಮೇಲು.

ಮುಗಿಸಿದ ಮೇಲೆ ಮೂವರಿಗೆ ತೋರಿಸಿ. ‘ಹೇಗಿತ್ತು?’ ಎಂದು ಕೇಳಬೇಡಿ. ಕಂಡದ್ದನ್ನು ಕಂಡ ಕ್ರಮದಲ್ಲಿ ಹೇಳಿ ಎನ್ನಿ. ಮೂವರೂ ಬಿಟ್ಟ ಬಿಂಬ ನಿಜವಾಗಿ ಚಿತ್ರದಲ್ಲಿಲ್ಲ ಎಂದೇ ಲೆಕ್ಕ. ಇಲ್ಲದ ಬಿಂಬವನ್ನು ಇಬ್ಬರು ಕಂಡಿದ್ದಾರೆಂದರೆ ಯಾವ ಎರಡು ಶಾಟ್‌ಗಳ ನಡುವೆ ಅದು ಹುಟ್ಟಿತು ಎಂದು ಹುಡುಕಿ, ಆ ಕಟ್‌ನ್ನು ಮುಟ್ಟಬೇಡಿ.

ಪ್ರದರ್ಶನಕ್ಕೆ ಡಿಸಿಪಿ (ಚಿತ್ರಮಂದಿರದ ಪ್ರೊಜೆಕ್ಟರ್‌ಗೆ ಕೊಡುವ ಡಿಜಿಟಲ್ ಪ್ರತಿ) ಮಾಡಿಸುವಾಗ ಹೆಚ್ಚಿನ ಕಡೆ 24 ಫ್ರೇಮ್ ಕೇಳುತ್ತಾರೆ. 25ರಲ್ಲಿ ಮಾಡಿದ್ದರೆ ಫ್ರೇಮ್‌ಗಳನ್ನು ಹಾಗೇ ಇಟ್ಟು ವೇಗವನ್ನು 4% ಇಳಿಸಲು ಹೇಳಿ. ಹತ್ತು ನಿಮಿಷದ ಚಿತ್ರ 25 ಸೆಕೆಂಡ್ ಉದ್ದವಾಗುತ್ತದೆ ಅಷ್ಟೇ. ಫ್ರೇಮ್‌ಗಳನ್ನು ಬೆರೆಸಿ ಪರಿವರ್ತಿಸಿದರೆ ಒಂದೊಂದು ಫ್ರೇಮಿನ ಕೆಲಸವೆಲ್ಲ ಕಲಸಿಹೋಗುತ್ತದೆ. ಕತ್ತಲ ಬಿಂಬಗಳಿರುವ ಚಿತ್ರವನ್ನು ಕಾರ್ಯಕ್ರಮದ ಮೊದಲಿಗೆ ಇಡಬೇಡಿ ಎಂದು ಆಯೋಜಕರಿಗೆ ಹೇಳಿ. ಹೊರಗಿನ ಬೆಳಕಿನಿಂದ ಬಂದ ಕಣ್ಣು ಕತ್ತಲಿಗೆ ಒಗ್ಗಲು ಮೊದಲ ಹಂತಕ್ಕೇ ಹತ್ತು ನಿಮಿಷ ಹಿಡಿಯುತ್ತದೆ, ಪೂರ್ತಿ ಒಗ್ಗಲು ಅರ್ಧ ಗಂಟೆ.

ಕೊನೆಯ ಬಿಂಬ ಪ್ರಕಾಶಮಾನವಾಗಿದ್ದರೆ ಅದರ ನೆರಳುಬಿಂಬ ನೋಡುಗರ ಕಣ್ಣಿನಲ್ಲಿ ಕೆಲವು ಸೆಕೆಂಡ್ ಉಳಿಯುತ್ತದೆ, ಬಣ್ಣ ತಿರುವುಮುರುವಾಗಿ. ಅದಾದ ಕೂಡಲೇ ಬಿಳಿ ಅಕ್ಷರದ ಹೆಸರುಪಟ್ಟಿ ಹಾಕಿದರೆ ಅಲ್ಲಿಗೇ ಅಳಿಸಿಹೋಗುತ್ತದೆ. ನಡುವೆ ಸದ್ದಿಲ್ಲದ, ಅಚ್ಚ ಕಪ್ಪಿನ 120 ಫ್ರೇಮ್ ಬಿಡಿ.